ನಿಮ್ಮ ಮಗು ಎಷ್ಟನೇ ಕ್ಲಾಸು? ವಯಸ್ಸು ಎಷ್ಟು?

(ಜಯನಗರ, ಬನಶಂಕರಿ, ಬಿ.ಟಿ.ಎಂ. ಭಾಗದ ಸ್ವಸಹಾಯ ಸಂಘಗಳ ಸದಸ್ಯೆಯರ ಸಭೆಯಲ್ಲಿ ಆಡಿದ ಮಾತುಗಳ ಬರಹರೂಪ)



ಹೋದ ಸಭೆಯಲ್ಲಿ ಸಾಲದ ಅರ್ಜಿ ಬರೆಯುವಾಗ ಒಂದು ವಿಷಯ ಗಮನಿಸಿದೆ. ಸಾಲ ಯಾತಕ್ಕೆ ಅಂತ ಕೇಳಿದರೆ ಮೂರು ಜನ 'ಮಗಳ ಕಾಲೇಜು ಫೀಸಿಗೆ' ಅಂದರು. ಬಹಳ ಸಂತೋಷ. ಯಾವ ಕ್ಲಾಸು ಅಂತ ಕೇಳಿದೆ. ತಮಿಳುನಾಡಿನ ಕಡೆಯ ಅಕ್ಕ 'ಪ್ಲಸ್ ಒನ್' ಅಂದರು. ಆಂಧ್ರದ ಕಡೆಯವರು 'ಇಂಟರ್ ಫಸ್ಟ್ ಇಯರ್' ಅಂದರು. ಇಲ್ಲಿಯವರು 'ಫಸ್ಟ್ ಪಿಯುಸಿ' ಅಂದರು. ಮೂವರೂ ಹೇಳಿದ್ದು ಒಂದೇ, ಹನ್ನೊಂದನೇ ತರಗತಿ! ರಾಯಚೂರು, ಯಾದಗಿರಿ ಕಡೆಯಿಂದ ಕಟ್ಟಡ ಕೆಲಸಕ್ಕೆ ಬಂದವರು 'ಐದನೇತ್ತೆ' ಅಂದರೆ ಅದು ನಮ್ಮ ಐದನೇ ಕ್ಲಾಸು. ನಾವು ಕೆಲಸ ಮಾಡುವ ಮನೆಗಳಲ್ಲಿ 'ಗ್ರೇಡ್ ಫೈವ್' ಅನ್ನುವುದೂ ಅದನ್ನೇ. ಹೆಸರು ಕೇಳಿ ಹೆದರಬೇಡಿ.

ಈಗ ಮೆಟ್ಟಿಲು ಮೆಟ್ಟಿಲಾಗಿ ನೋಡೋಣ.

ಮೂರು ವರ್ಷದಿಂದ ಆರು ವರ್ಷದವರೆಗೆ ಅಂಗನವಾಡಿ. ಖಾಸಗಿ ಶಾಲೆಯಾದರೆ ಎಲ್‌ಕೆಜಿಗೆ ನಾಲ್ಕು ವರ್ಷ, ಯುಕೆಜಿಗೆ ಐದು ವರ್ಷ. ಒಂದನೇ ತರಗತಿಗೆ ಜೂನ್ 1ಕ್ಕೆ ಆರು ವರ್ಷ ತುಂಬಿರಬೇಕು ಎಂದು ಸರ್ಕಾರ 2022ರಲ್ಲಿ ಆದೇಶ ಮಾಡಿತು. 2025-26ರ ಸಾಲಿಗೆ ಮಾತ್ರ ಎಂದು ಐದು ವರ್ಷ ಐದು ತಿಂಗಳಿಗೆ ಸಡಿಲಿಸಿತ್ತು. ಆದ್ದರಿಂದ ಅವಸರ ಮಾಡಿ ಮಗುವನ್ನು ಬೇಗ ಸೇರಿಸುವುದು, ಅದಕ್ಕಾಗಿ ವಯಸ್ಸು ಸುಳ್ಳು ಹೇಳುವುದು ಬೇಡ.

ಒಂದರಿಂದ ಐದು ಕಿರಿಯ ಪ್ರಾಥಮಿಕ. ಆರರಿಂದ ಎಂಟು ಹಿರಿಯ ಪ್ರಾಥಮಿಕ. ಆದರೆ ನಮ್ಮ ಕಡೆ ಎಷ್ಟೋ ಸರ್ಕಾರಿ ಶಾಲೆಗಳು ಏಳಕ್ಕೇ ಮುಗಿಯುತ್ತವೆ, ಎಂಟನೇ ತರಗತಿ ಪ್ರೌಢಶಾಲೆಯಲ್ಲಿರುತ್ತದೆ. ಹತ್ತನೆಯದು ಎಸ್ಸೆಸ್ಸೆಲ್ಸಿ. ಇದನ್ನೇ ಹಳಬರು 'ಮೆಟ್ರಿಕ್' ಅನ್ನುತ್ತಿದ್ದರು. ಸ್ಕಾಲರ್‌ಶಿಪ್ ಅರ್ಜಿಯಲ್ಲಿ 'ಮೆಟ್ರಿಕ್ ಪೂರ್ವ' ಎಂದಿದ್ದರೆ ಹತ್ತನೇ ತರಗತಿಯವರೆಗೆ, 'ಮೆಟ್ರಿಕ್ ನಂತರ' ಎಂದಿದ್ದರೆ ಪಿಯುಸಿಯಿಂದ ಮುಂದಕ್ಕೆ. ಇದು ತಿಳಿಯದೆ ತಪ್ಪು ಅರ್ಜಿ ಹಾಕಿ ದುಡ್ಡು ಕಳೆದುಕೊಂಡವರಿದ್ದಾರೆ.

ಹತ್ತು ಆದಮೇಲೆ ದಾರಿ ಕವಲಾಗುತ್ತದೆ. ಪಿಯುಸಿ ಎರಡು ವರ್ಷ. ಐಟಿಐ, ಕೆಲಸ ನೋಡಿಕೊಂಡು ಒಂದು ಅಥವಾ ಎರಡು ವರ್ಷ. ಹೊಸೂರು ರಸ್ತೆಯಲ್ಲೇ ಸರ್ಕಾರಿ ಐಟಿಐ ಇದೆ. ಡಿಪ್ಲೊಮಾ ಮೂರು ವರ್ಷ. ಅದನ್ನು ಮುಗಿಸಿದವರು ಇಂಜಿನಿಯರಿಂಗ್‌ನ ಎರಡನೇ ವರ್ಷಕ್ಕೆ ನೇರ ಸೇರಬಹುದು. ಪಿಯುಸಿ ನಂತರ ಬಿ.ಎ., ಬಿ.ಕಾಂ., ಬಿ.ಎಸ್ಸಿ. 2021ರಲ್ಲಿ ಇದನ್ನು ನಾಲ್ಕು ವರ್ಷದ ಪದ್ಧತಿಗೆ ಬದಲಾಯಿಸಿದ್ದರು. 2024-25ರಿಂದ ನಮ್ಮ ರಾಜ್ಯದಲ್ಲಿ ಮತ್ತೆ ಮೂರು ವರ್ಷ. ಬಿ.ಎಸ್ಸಿ. ನರ್ಸಿಂಗ್ ಮತ್ತು ಇಂಜಿನಿಯರಿಂಗ್ ನಾಲ್ಕು ವರ್ಷ.

ಒಂದು ಸುಲಭ ಲೆಕ್ಕ

ತರಗತಿಗೆ ಐದು ಕೂಡಿಸಿ. ವಯಸ್ಸು ಸಿಗುತ್ತದೆ. ಒಂದನೇ ತರಗತಿಗೆ ಆರು ವರ್ಷ, ಐದನೆಯದಕ್ಕೆ ಹತ್ತು, ಎಂಟಕ್ಕೆ ಹದಿಮೂರು, ಹತ್ತಕ್ಕೆ ಹದಿನೈದು, ಸೆಕೆಂಡ್ ಪಿಯುಸಿಗೆ ಹದಿನೇಳು. ಒಂದು ವರ್ಷ ಆಚೆ ಈಚೆ ಆದರೆ ಚಿಂತೆಯಿಲ್ಲ. ಅದಕ್ಕಿಂತ ಹೆಚ್ಚು ವ್ಯತ್ಯಾಸ ಬಂದರೆ ಏನೋ ಆಗಿದೆ ಅಂತ ಅರ್ಥ. ಆ ಮನೆಗೆ ನಾವು ಹೋಗಿ ಮಾತಾಡಬೇಕು.

ಹೀಗೇ ಒಂದು ಮನೆಗೆ ಹೋಗಿದ್ದೆ. ಕಟ್ಟಡದ ಪಕ್ಕದ ಶೆಡ್ಡು. ಹತ್ತು ವರ್ಷದ ಹುಡುಗಿ ಪುಟ್ಟ ತಮ್ಮನನ್ನು ಸೊಂಟದ ಮೇಲೆ ಎತ್ತಿಕೊಂಡು ನಿಂತಿತ್ತು. 'ಯಾಕವ್ವ, ಶಾಲೆಗೆ ಕಳಿಸಿಲ್ಲ?' ಅಂದೆ. ತಾಯಿ ಹೇಳಿದಳು: 'ಊರಾಗ ಎರಡನೇತ್ತೆಗೆ ಬಿಟ್ಟಾಳ್ರೀ. ಈಗ ಇಷ್ಟು ದೊಡ್ಡಾಕಿನ್ನ ಸಣ್ಣ ಹುಡುಗರ ಜೋಡಿ ಹೆಂಗ ಕುಂದ್ರಸೋದು? ಟಿ.ಸಿ.ನೂ ಇಲ್ಲ.'

ಅಕ್ಕಂದಿರೇ, ಇದಕ್ಕೆ ಕಾನೂನೇ ಉತ್ತರ ಕೊಟ್ಟಿದೆ. 2009ರ ಶಿಕ್ಷಣ ಹಕ್ಕು ಕಾಯ್ದೆ 2010ರ ಏಪ್ರಿಲ್ 1ರಿಂದ ಜಾರಿಗೆ ಬಂತು. ಆರರಿಂದ ಹದಿನಾಲ್ಕು ವರ್ಷದ ಶಾಲೆ ಬಿಟ್ಟ ಮಗುವನ್ನು ಅದರ ವಯಸ್ಸಿಗೆ ತಕ್ಕ ತರಗತಿಗೇ ಸೇರಿಸಿಕೊಳ್ಳಬೇಕು, ಹಿಂದೆ ಉಳಿದ ಪಾಠಕ್ಕೆ ವಿಶೇಷ ತರಬೇತಿ ಕೊಡಬೇಕು. ಹತ್ತು ವರ್ಷದ ಮಗು ಐದನೇ ತರಗತಿಯಲ್ಲಿ ತನ್ನ ಓರಗೆಯವರ ಜೊತೆ ಕೂರುತ್ತದೆ. ವಯಸ್ಸಿನ ದಾಖಲೆ ಇಲ್ಲ, ಟಿ.ಸಿ. ತಡವಾಯಿತು ಅಂತ ಸೇರಿಸಿಕೊಳ್ಳದೆ ಇರುವಂತಿಲ್ಲ. ತಡವಾಗಿ ಸೇರಿದ ಮಗುವಿಗೆ ಹದಿನಾಲ್ಕು ದಾಟಿದರೂ ಎಂಟನೇ ತರಗತಿ ಮುಗಿಯುವವರೆಗೆ ಉಚಿತ. ಆ ಹುಡುಗಿಯನ್ನು ನಾವು ಇಬ್ಬರು ಸದಸ್ಯೆಯರು ಕರೆದುಕೊಂಡು ಹೋಗಿ ಸೇರಿಸಿದೆವು. ತಮ್ಮನನ್ನು ಅಂಗನವಾಡಿಗೆ ಬಿಟ್ಟೆವು. ತಮ್ಮನಿಗೊಂದು ಜಾಗ ಆಗದಿದ್ದರೆ ಅಕ್ಕ ಎರಡೇ ದಿನಕ್ಕೆ ಮತ್ತೆ ಮನೆಯಲ್ಲಿ ಇರುತ್ತಿದ್ದಳು.

ಮಕ್ಕಳು ಎಲ್ಲಿ ಜಾರುತ್ತಾರೆ?

ಶಾಲೆ ಬದಲಾಗುವ ಜಾಗದಲ್ಲಿ. ಏಳು ಮುಗಿದು ಎಂಟಕ್ಕೆ ಹೋಗುವಾಗ ಟಿ.ಸಿ. ತರಬೇಕು, ಶಾಲೆ ದೂರ, ದೊಡ್ಡ ರಸ್ತೆ ದಾಟಬೇಕು. ಅದೇ ಸಮಯಕ್ಕೆ ಹುಡುಗಿ ದೊಡ್ಡವಳಾಗಿರುತ್ತಾಳೆ. 'ಸಾಕು, ಮನೆಯಲ್ಲಿರಲಿ' ಅಂದುಬಿಡುತ್ತೇವೆ. ನಾಲ್ಕು ಹುಡುಗಿಯರನ್ನು ಒಟ್ಟಿಗೆ ಕಳಿಸಿ, ತಾಯಂದಿರು ಸರದಿಯ ಮೇಲೆ ರಸ್ತೆ ದಾಟಿಸಿ. ಸಂಘ ಇರುವುದು ಬರೀ ಉಳಿತಾಯಕ್ಕಲ್ಲ.

ಇನ್ನೊಂದು ಜಾಗ ಹತ್ತನೇ ತರಗತಿ. ಒಂದು ವಿಷಯದಲ್ಲಿ ಫೇಲ್ ಆದ ಕೂಡಲೇ ಹುಡುಗನನ್ನು ಗ್ಯಾರೇಜಿಗೆ, ಹುಡುಗಿಯನ್ನು ಗಾರ್ಮೆಂಟ್ಸಿಗೆ ಕಳಿಸುತ್ತೇವೆ. ಫೇಲಾದ ವಿಷಯವನ್ನು ಅದೇ ವರ್ಷ ಮತ್ತೆ ಬರೆಯಬಹುದು. ಶಾಲೆಯ ಹೆಡ್‌ಮೇಡಂ ಹತ್ತಿರ ಕೇಳಿ, ಫೀಸು ಕಟ್ಟುವ ಕೊನೆಯ ದಿನ ಬಿಡಬೇಡಿ. ಮುಕ್ತ ಶಾಲೆಯಲ್ಲೂ ಹತ್ತನೇ ತರಗತಿ ಬರೆಯಬಹುದು, ಅಲ್ಲಿ ಮೇಲಿನ ವಯಸ್ಸಿನ ಮಿತಿಯೇ ಇಲ್ಲ. ಅಂದರೆ ಇಲ್ಲಿ ಕೂತಿರುವ ನೀವೂ ಬರೆಯಬಹುದು! ನಗಬೇಡಿ, ನಿಜವಾಗಿಯೇ ಹೇಳುತ್ತಿದ್ದೇನೆ.

ಕೊನೆಯದಾಗಿ ಒಂದು ಮಾತು. ಆರಕ್ಕೆ ಶಾಲೆ ಸೇರಿದ ಹುಡುಗಿ ಪಿಯುಸಿ ಮುಗಿಸುವ ಹೊತ್ತಿಗೆ ಹದಿನೆಂಟರ ಹತ್ತಿರ ಬರುತ್ತಾಳೆ. ಹಾಗಾದರೆ 'ಪಿಯುಸಿ ಓದ್ತಿದ್ದಾಳೆ, ಒಳ್ಳೆ ಸಂಬಂಧ ಬಂದಿದೆ' ಅಂತ ಯಾರಾದರೂ ಹೇಳಿದರೆ ನಮಗೆ ತಕ್ಷಣ ಹೊಳೆಯಬೇಕು: ಈ ಹುಡುಗಿಗೆ ಇನ್ನೂ ಹದಿನೆಂಟು ತುಂಬಿಲ್ಲ! ಆ ಮದುವೆ ಕಾನೂನಿಗೆ ವಿರುದ್ಧ. ಮಾಡಿಸಿದ ಹಿರಿಯರಿಗೂ ಶಿಕ್ಷೆ ಇದೆ. ಮದುವೆಗೆಂದು ಸಂಘದಲ್ಲಿ ಸಾಲ ಕೇಳಿದರೆ ಮೊದಲು ಹುಡುಗಿ ಯಾವ ಕ್ಲಾಸು ಅಂತ ಕೇಳಿ, ಐದು ಕೂಡಿಸಿ. ಮಾತಿಗೆ ಬಗ್ಗದಿದ್ದರೆ ಮಕ್ಕಳ ಸಹಾಯವಾಣಿ 1098ಕ್ಕೆ ಫೋನ್ ಮಾಡಿ.

ಇವತ್ತು ಮನೆಗೆ ಹೋಗಿ ಒಂದು ಕೆಲಸ ಮಾಡಿ. ಉಳಿತಾಯದ ಪುಸ್ತಕದ ಕೊನೆಯ ಹಾಳೆಯಲ್ಲಿ ಪ್ರತಿ ಮಗುವಿನ ಹೆಸರು, ಹುಟ್ಟಿದ ದಿನ, ಈಗಿನ ತರಗತಿ ಬರೆಯಿರಿ. ಬರೆಯಲು ಬಾರದಿದ್ದರೆ ಮಗುವಿನ ಕೈಯಲ್ಲೇ ಬರೆಸಿ. ಮುಂದಿನ ಸಭೆಗೆ ತನ್ನಿ, ಎಲ್ಲರೂ ಕೂತು ಲೆಕ್ಕ ನೋಡೋಣ. ಯಾರ ಮನೆಯ ಲೆಕ್ಕ ತಪ್ಪಿದೆಯೋ ಆ ಮನೆಗೆ ಒಟ್ಟಿಗೆ ಹೋಗೋಣ.