ಗೀಸರ್ ಕೆಡೋ ಮುಂಚೆ ಹೇಳುತ್ತೆ, ನಾವು ಕೇಳಿಸ್ಕೊಳ್ಳಲ್ಲ

ಇವತ್ತಿನ ಕಂತಿನಲ್ಲಿ ರಾಜಕೀಯ ಇಲ್ಲ, ಸಿನಿಮಾ ಇಲ್ಲ. ಬಚ್ಚಲುಮನೆ ಗೋಡೆ ಮೇಲೆ ನೇತಾಡ್ತಿರೋ ಒಂದು ಡಬ್ಬದ ಬಗ್ಗೆ ಮಾತಾಡೋಣ. ಗೀಸರ್.

ನಮ್ಮೂರು ಸಿದ್ದಾಪುರ. ಉತ್ತರ ಕನ್ನಡದ್ದಲ್ಲ, ಚಿತ್ರದುರ್ಗ ಜಿಲ್ಲೆ ಮೊಳಕಾಲ್ಮೂರು ಕಡೆಯದ್ದು, ಅಶೋಕನ ಶಾಸನ ಇರೋದು. ಮಳೆ ಕಡಿಮೆ, ನೀರು ಅಂದ್ರೆ ಬೋರ್‌ವೆಲ್. ಕುಡಿಯೋಕೆ ಶುದ್ಧ ನೀರಿನ ಘಟಕದಿಂದ ಕ್ಯಾನ್ ಹೊತ್ಕೊಂಡು ಬರ್ತೀವಿ. ಗೀಸರ್‌ಗೆ ಮಾತ್ರ ಬೋರಿನ ಗಡಸು ನೀರೇ ಗತಿ. ಇವತ್ತಿನ ಕಥೆಯ ಬೇರು ಇಲ್ಲೇ ಇದೆ.

ಹೋದ ಚಳಿಗಾಲದಲ್ಲಿ ಒಂದು ಬೆಳಗ್ಗೆ ಅಮ್ಮ ಸ್ನಾನ ಮುಗಿಸಿ ಬಂದು, "ನಲ್ಲಿ ಮುಟ್ಟಿದ್ರೆ ಯಾಕೋ ಜುಮ್ ಅಂತೈತೆ ಕಣೋ" ಅಂದ್ರು. ನಾನು ಮೊಬೈಲಿಂದ ತಲೆ ಎತ್ತದೆ "ಚಳಿಗೆ ಕೈ ಮರಗಟ್ಟಿರುತ್ತೆ ಬಿಡಮ್ಮ" ಅಂದೆ. ಬಿ.ಕಾಂ. ಓದಿದೋನು, ವಾರಕ್ಕೊಂದು ಕಂತು ಮಾಡಿ ಊರಿಗೆಲ್ಲ ಬುದ್ಧಿ ಹೇಳೋನು, ನನ್ನ ಉತ್ತರ ಇದು. ನಾಲ್ಕನೇ ದಿನ ನನ್ನ ಒದ್ದೆ ಕೈಯಲ್ಲಿ ಅದೇ ನಲ್ಲಿ ಮುಟ್ಟಿದಾಗ ಗೊತ್ತಾಯ್ತು, ಅದು ಚಳಿ ಅಲ್ಲ, ಕರೆಂಟು.

ಎಲೆಕ್ಟ್ರಿಷಿಯನ್ ಬಂದು ಬಿಚ್ಚಿದ್ರು. ನೀರು ಕಾಯಿಸೋ ಕಾಯಿಲ್ ಮೇಲೆ ಬೆರಳು ದಪ್ಪ ಬಿಳಿ ಹಕ್ಕಳೆ. ಅದರಡಿ ಕೊಳವೆ ಸೀಳಿತ್ತು. ಆ ಸೀಳಿನಿಂದ ಕರೆಂಟು ನೀರಿಗೆ ಇಳಿದು, ನಲ್ಲಿವರೆಗೂ ಬರ್ತಿತ್ತು. ಆಮೇಲೆ ಪ್ಲಗ್ ಹಾಕೋ ಸಾಕೆಟ್ ಬಿಚ್ಚಿದ್ರು. ಮೂರು ತೂತು ಇದೆ, ಆದ್ರೆ ಮೇಲಿನ ದೊಡ್ಡ ತೂತಿಗೆ ಅರ್ಥ್ ತಂತಿನೇ ಕೊಟ್ಟಿಲ್ಲ! ಮನೆ ಕಟ್ಟಿದಾಗಿಂದ ಹಾಗೇ ಇದೆ. "ನಿಮ್ಮ ತಾಯಿ ಕಾಲಲ್ಲಿ ಚಪ್ಪಲಿ ಇತ್ತಾ?" ಅಂತ ಕೇಳಿದ್ರು. ರಬ್ಬರ್ ಚಪ್ಪಲಿ ಇತ್ತು. ಅವರು ಮತ್ತೇನೂ ಹೇಳಲಿಲ್ಲ.

ಆವತ್ತಿಂದ ನಾನು ಕಲಿತದ್ದನ್ನ ಹೇಳ್ತೀನಿ. ಒಂದು ಸಂಗತಿ ಏನಂದ್ರೆ, ನಮ್ಮ ಗೀಸರ್ ಆರು ತಿಂಗಳಿಂದ ಹೇಳ್ತಾನೇ ಇತ್ತು.

ಹಿಂದೆ ತಾಮ್ರದ ಹಂಡೆ ಇತ್ತಲ್ಲ, ಒಳಗೆ ಬಿಳಿ ಹಕ್ಕಳೆ ಕಟ್ಟಿದ್ರೆ ಕಣ್ಣಿಗೆ ಕಾಣ್ತಿತ್ತು, ಅಜ್ಜಿ ಕೆರೆದು ತೆಗೀತಿದ್ರು. ಗೀಸರ್ ಅಂದ್ರೆ ಮುಚ್ಚಿಟ್ಟ ಹಂಡೆ. ಗಡಸು ನೀರಲ್ಲಿ ಕರಗಿರೋ ಕ್ಯಾಲ್ಸಿಯಂ, ಮೆಗ್ನೀಷಿಯಂ ಬಿಸಿ ತಾಗಿದ ಕೂಡಲೇ ಸುಣ್ಣದ ಹಾಗೆ ಕಾಯಿಲ್‌ಗೆ ಅಂಟುತ್ತೆ. ಕುಡಿಯುವ ನೀರಿನ ಗಡಸುತನ ಲೀಟರ್‌ಗೆ 200 ಮಿಲಿಗ್ರಾಂ ಒಳಗಿರಬೇಕು, ಬೇರೆ ನೀರೇ ಸಿಗದಿದ್ರೆ 600ರವರೆಗೆ ಪರವಾಗಿಲ್ಲ ಅನ್ನುತ್ತೆ ಭಾರತೀಯ ಮಾನಕ. ಅದು ಮನುಷ್ಯರ ಹೊಟ್ಟೆ ಲೆಕ್ಕ. ಕಾಯಿಲ್‌ಗೆ ಅಷ್ಟು ತಾಳ್ಮೆ ಇಲ್ಲ. ಹಕ್ಕಳೆ ದಪ್ಪ ಆದಂಗೆ ಬಿಸಿ ನೀರಿಗೆ ಬೇಗ ದಾಟಲ್ಲ, ಕಾಯಿಲ್ ಒಳಗೊಳಗೇ ಕಾದು ಕಾದು ಒಂದು ದಿನ ಸೀಳುತ್ತೆ.

ಹಾಗಾದ್ರೆ ಅದು ಹೇಳೋದು ಹೇಗೆ?

ಮೊದಲನೇದು ಸದ್ದು. ನೀರು ಕಾಯುವಾಗ ಸಣ್ಣಗೆ ಸುಯ್ ಅನ್ನೋದು ಸಹಜ. ಚಟಪಟ, ಗುಡುಗುಡು ಅಂದ್ರೆ ಹಕ್ಕಳೆ ಅಡಿ ಸಿಕ್ಕ ನೀರು ಆವಿಯಾಗಿ ಸಿಡೀತಿದೆ ಅಂತ. ನಮ್ಮನೇಲಿ ಇದಕ್ಕೆ "ಹಳೇದಾಯ್ತಲ್ಲ, ಅದಕ್ಕೆ" ಅಂದು ಸುಮ್ಮನಾಗಿದ್ವಿ.

ಎರಡನೇದು ಕೆಂಪು ದೀಪ. ಬೇಗ ಆರಿದ್ರೆ ಖುಷಿ ಪಡ್ಬೇಡಿ. ಹಕ್ಕಳೆ ನಡುವೆ ಸಿಕ್ಕ ಥರ್ಮೋಸ್ಟಾಟ್ ಕಾಯಿಲ್ ಪಕ್ಕದ ಬಿಸಿ ನೋಡಿ, ನೀರೆಲ್ಲ ಕಾದಿದೆ ಅಂದ್ಕೊಂಡು ಬಂದ್ ಮಾಡಿಬಿಡುತ್ತೆ. ಅರ್ಧ ಬಕೆಟ್ ಬಿಸಿ, ಆಮೇಲೆ ಉಗುರುಬೆಚ್ಚಗೆ. ಉಲ್ಟಾ, ದೀಪ ಆರದೇ ನಲ್ಲಿಯಿಂದ ಹಬೆ ಬರ್ತಿದ್ರೆ ಥರ್ಮೋಸ್ಟಾಟ್ ಕೈಕೊಟ್ಟಿದೆ. ಅದು ಇನ್ನೂ ಅಪಾಯ.

ಮೂರನೇದು ಗಡಿಯಾರ. 15 ಲೀಟರ್, 2 ಕಿಲೋವ್ಯಾಟ್ ಗೀಸರ್ 25 ಡಿಗ್ರಿ ನೀರನ್ನ 60ಕ್ಕೆ ತರೋಕೆ ಲೆಕ್ಕದ ಪ್ರಕಾರ ಸುಮಾರು 18 ನಿಮಿಷ ಬೇಕು. ನಮ್ಮ ಹಳ್ಳಿಗಳಲ್ಲಿ ಒಂದು ತೊಡಕಿದೆ, ವೋಲ್ಟೇಜ್. 230 ಇರಬೇಕಾದ್ದು 180ಕ್ಕೆ ಇಳಿದ್ರೆ ಅದೇ ಗೀಸರ್ ಸುಮಾರು 1.2 ಕಿಲೋವ್ಯಾಟ್ ಅಷ್ಟೇ ಕೆಲಸ ಮಾಡುತ್ತೆ, ಅರ್ಧ ಗಂಟೆ ಹಿಡಿಯುತ್ತೆ. ಆದ್ರಿಂದ ಕರೆಂಟು ಚೆನ್ನಾಗಿರೋ ದಿನ ಸಮಯ ನೋಡಿ, ಗೋಡೆ ಮೇಲೆ ಬರೆದಿಡಿ. ಆರು ತಿಂಗಳಿಗೆ ಮತ್ತೆ ನೋಡಿ.

ನಾಲ್ಕನೇದು ಬಕೆಟ್. ತಣ್ಣೀರು ನಲ್ಲಿಯಿಂದ ಒಂದು, ಬಿಸಿನೀರು ನಲ್ಲಿಯಿಂದ ಒಂದು ಹಿಡೀರಿ. ಎರಡೂ ಕೆಂಪಗಿದ್ರೆ ತಪ್ಪು ಬೋರಿಂದು. ಬಿಸಿನೀರು ಮಾತ್ರ ಕೆಂಪಗಿದ್ರೆ ಟ್ಯಾಂಕ್ ಒಳಗೆ ತುಕ್ಕು. ತುಂಬಾ ಗೀಸರ್‌ಗಳ ಒಳಗೆ ಮೆಗ್ನೀಷಿಯಂ ಕಡ್ಡಿ ಒಂದಿರುತ್ತೆ, ಟ್ಯಾಂಕಿನ ಬದಲು ತಾನು ಸವೆಯೋಕೆ ಅಂತಾನೇ ಇಟ್ಟದ್ದು. ಅದು ಮುಗಿದ ಮೇಲೆ ಟ್ಯಾಂಕಿನ ಸರದಿ.

ಐದನೇದು ಹನಿ. ಕಾಯುವಾಗ ಸೇಫ್ಟಿ ವಾಲ್ವ್‌ನಿಂದ ನಾಲ್ಕು ಹನಿ ಬಿದ್ರೆ ಅದು ಅದರ ಕೆಲಸ. ದಿನವೆಲ್ಲ ತೊಟ್ಟಿಕ್ಕಿದ್ರೆ ರಿಪೇರಿ ಬೇಕು. ಏನೇ ಆಗ್ಲಿ, ಆ ಬಾಯಿಗೆ ಬಟ್ಟೆ ತುರುಕೋದು, ಎಂ-ಸೀಲ್ ಮೆತ್ತೋದು ಮಾತ್ರ ಮಾಡ್ಬೇಡಿ. ಒತ್ತಡ ಹೋಗೋಕೆ ಇರೋ ದಾರಿ ಅದು. ಮುಚ್ಚಿದ್ರೆ ಟ್ಯಾಂಕ್ ಸಿಡಿಯಬಹುದು.

ಇನ್ನು ನನ್ನ ಕಾಮರ್ಸ್ ಬುದ್ಧಿಗೂ ಹೊಳೀದ ಆರನೇದು, ಕರೆಂಟ್ ಬಿಲ್. 2023ರಲ್ಲಿ ಗೃಹಜ್ಯೋತಿ ಬಂತು, ಬಿಲ್ ಸೊನ್ನೆ ಆಯ್ತು, ನಾವು ಬಿಲ್ ನೋಡೋದೇ ಬಿಟ್ವಿ. ದುಡ್ಡು ಸೊನ್ನೆ, ಯೂನಿಟ್ ಸೊನ್ನೆ ಅಲ್ಲ! ಆ 15 ಲೀಟರ್ ಒಂದು ಸಲ ಕಾಯಿಸೋಕೆ ಸುಮಾರು 0.6 ಯೂನಿಟ್. ನೀರು ಸಾಲ್ತಿಲ್ಲ ಅಂತ ದಿನಾ ಇನ್ನೊಂದು ಸಲ ಹಾಕಿದ್ರೆ ತಿಂಗಳಿಗೆ 18 ಯೂನಿಟ್. ನಿಮ್ಮ ಹಳೇ ಸರಾಸರಿ ಮೇಲೆ ಕಟ್ಟಿರೋ ಮಿತಿ ದಾಟಿದ್ರೆ ಹೆಚ್ಚಿನದಕ್ಕೆ ದುಡ್ಡು, 200 ದಾಟಿದ್ರೆ ಪೂರ್ತಿ ಬಿಲ್. ಹಳೇ ಚೀಟಿ ತೆಗೆದು ನೋಡಿದ್ರೆ ನಮ್ಮನೆ ಯೂನಿಟ್ ತಿಂಗಳು ತಿಂಗಳು ಏರ್ತಾ ಬಂದಿತ್ತು. ಕೆಳಗೆ ಸೊನ್ನೆ ಇದ್ದಿದ್ರಿಂದ ಯಾರೂ ಮೇಲೆ ಓದಿರಲಿಲ್ಲ.

ಕೊನೇದು ಜುಮ್ ಅನ್ನೋದು. ಇದು ಸೂಚನೆ ಅಲ್ಲ, ಕೊನೇ ನೋಟಿಸು. ಒಂದೇ ಸಲ ಆದ್ರೂ ಸರಿ, ಬಚ್ಚಲಿಂದ ಹೊರಗೆ ಬನ್ನಿ, ಕೈ ಒರೆಸ್ಕೊಂಡು ಮೇನ್ ಸ್ವಿಚ್ ಇಳಿಸಿ. ಗೀಸರ್ ಸ್ವಿಚ್ ಆಫ್ ಮಾಡಿದ್ರೆ ಸಾಲದು, ವೈರಿಂಗ್ ಉಲ್ಟಾ ಇದ್ರೆ ಆಫ್ ಆದ್ಮೇಲೂ ಒಳಗೆ ಕರೆಂಟು ಇರುತ್ತೆ. ಎಲೆಕ್ಟ್ರಿಷಿಯನ್ ನೋಡೋವರೆಗೆ ಒಲೆ ಮೇಲೆ ನೀರು ಕಾಯಿಸ್ಕೊಳ್ಳಿ.

"ಎಂಸಿಬಿ ಇದೆಯಲ್ಲ, ಬೀಳುತ್ತೆ" ಅಂತೀರಾ? ನಮ್ಮದು ಬೀಳಲಿಲ್ಲ. ಎಂಸಿಬಿ ನೋಡೋದು ಓವರ್‌ಲೋಡ್, ಶಾರ್ಟ್ ಸರ್ಕ್ಯೂಟ್. ಮನುಷ್ಯನ ಮೈಯಲ್ಲಿ ಹಾಯೋ ಕರೆಂಟು ಅದರ ಲೆಕ್ಕಕ್ಕೇ ಬರಲ್ಲ. ಅದಕ್ಕೆ ಬೇಕಾದ್ದು ಆರ್‌ಸಿಸಿಬಿ, 30 ಮಿಲಿಆಂಪ್‌ದು. ಅಷ್ಟು ಸೋರಿದ್ರೆ ಕ್ಷಣದಲ್ಲಿ ಕಟ್ ಮಾಡುತ್ತೆ. ಅದರ ಮೇಲೆ ಟೆಸ್ಟ್ ಬಟನ್ ಇರುತ್ತೆ, ಆಗಾಗ ಒತ್ತಿ ನೋಡಿ. ಜೊತೆಗೆ ನಿಜವಾದ ಅರ್ಥ್ ಬೇಕು. ಎರಡೂ ಬೇಕು, ಒಂದರ ಬದಲು ಇನ್ನೊಂದಲ್ಲ.

ಬಕೆಟ್‌ಗೆ ಇಳಿಸೋ ಕಾಯಿಲ್ ಬಳಸೋರಿಗೂ ಒಂದು ಮಾತು. ಹಕ್ಕಳೆ ಅಲ್ಲೂ ಕಟ್ಟುತ್ತೆ, ಸೀಳು ಅಲ್ಲೂ ಬರುತ್ತೆ. ನೀರಿಗೆ ಕೈ ಹಾಕೋ ಮುಂಚೆ ಪ್ಲಗ್ ಕೀಳಿ.

ನಮ್ಮಂಥ ನೀರಿರೋ ಕಡೆ ವರ್ಷಕ್ಕೊಂದು ಸಲ ಬಿಚ್ಚಿಸಿ ಕಾಯಿಲ್ ಸ್ವಚ್ಛ ಮಾಡಿಸಿ, ಆ ಕಡ್ಡಿ ನೋಡಿಸಿ. ನೀರು ಕಾಯಿಸಿ, ಆಫ್ ಮಾಡಿ, ಆಮೇಲೆ ಸ್ನಾನಕ್ಕೆ ಹೋಗಿ. ನಮ್ಮನೇಲಿ ಈಗ ಇದೇ ನಿಯಮ. ಆದ್ರೂ ಅಮ್ಮ ಇವತ್ತಿಗೂ ನಲ್ಲಿನ ಮೊದಲು ಬೆರಳ ಹಿಂಬದಿಯಿಂದ ಮುಟ್ಟಿ ನೋಡ್ತಾರೆ. ಹಾಗೆ ಪರೀಕ್ಷೆ ಮಾಡ್ಬೇಡಿ ಅಂತ ಎಷ್ಟು ಸಲ ಹೇಳಿದ್ರೂ ಬಿಡಲ್ಲ. ಮೊದಲ ದಿನ ಅವರ ಮಾತು ನಾನು ಕೇಳಿದ್ದಿದ್ರೆ ಆ ಭಯ ಅವರ ಕೈಗೆ ಅಂಟ್ತಿರಲಿಲ್ಲ.

ಆದ್ರಿಂದ ಇವತ್ತು ಈ ಕಂತು ಮುಗಿದ ಮೇಲೆ ಒಂದೇ ಕೆಲಸ ಮಾಡಿ. ಮನೇಲಿ ಎಲ್ಲರನ್ನೂ ಕೇಳಿ, ನಲ್ಲಿ ಮುಟ್ಟಿದಾಗ ಯಾರಿಗಾದ್ರೂ ಜುಮ್ ಅಂದಿದೆಯಾ ಅಂತ. ಉತ್ತರ ಬಂದಾಗ ಮೊಬೈಲಿಂದ ತಲೆ ಎತ್ತಿ ಕೇಳಿ. ಮುಂದಿನ ವಾರ ಸಿಗೋಣ, ನಮಸ್ಕಾರ.