ವೈ.ವಿ. ರಾಯರನ್ನು ಎಲ್ಲಿಂದ ಎಣಿಸೋಣ?



ಕನ್ನಡ ಸಿನಿಮಾದ ಮಾತೆತ್ತಿದರೆ ಎಲ್ಲರೂ 1934ರ ಮಾರ್ಚ್ 3ಕ್ಕೇ ಓಡುತ್ತಾರೆ. ಅಂದು ಬೆಂಗಳೂರಿನಲ್ಲಿ ‘ಸತಿ ಸುಲೋಚನ’ ತೆರೆಕಂಡಿತು, ಸರಿ. ನಿರ್ದೇಶಕರು ವೈ.ವಿ. ರಾವ್, ಅದೂ ಸರಿ. ನನ್ನ ತಕರಾರು ಇರುವುದು ಅದಕ್ಕೂ ಎರಡು ವರ್ಷ ಹಿಂದಿನ ಸಂಗತಿಯ ಬಗ್ಗೆ. 1932ರಲ್ಲಿ ಇದೇ ರಾಯರು ಗುಬ್ಬಿ ವೀರಣ್ಣನವರ ಕರ್ನಾಟಕ ಪಿಕ್ಚರ್ಸ್ ಕಾರ್ಪೊರೇಷನ್ನಿಗೆ ‘ಹರಿ ಮಾಯಾ’ ಎಂಬ ಮೂಕಿ ಚಿತ್ರ ಮಾಡಿಕೊಟ್ಟಿದ್ದರು. ಅದಕ್ಕೆ ನಾವು ಪೀಠಿಕೆಯಲ್ಲಿ ಅರ್ಧ ವಾಕ್ಯ ಕೊಟ್ಟು ಕೈತೊಳೆದುಕೊಳ್ಳುತ್ತೇವೆ.

ರಾಯರು ಮೂಕಿ ಚಿತ್ರಗಳಲ್ಲಿ ವೇಷ ಹಾಕಿ ಆಮೇಲೆ ನಿರ್ದೇಶನಕ್ಕೆ ಇಳಿದವರು. ಇಳಿದ ಮೇಲೂ ಬಣ್ಣ ಬಿಡಲಿಲ್ಲ. ‘ಸತಿ ಸುಲೋಚನ’ದ ಲಕ್ಷ್ಮಣ ಅವರೇ. ಜರ್ಮನಿಯ ಪಾಲ್ ವೇಗೆನರ್ ಕೂಡ ಹೀಗೆಯೇ. ಮ್ಯಾಕ್ಸ್ ರೈನ್‌ಹಾರ್ಟನ ರಂಗಭೂಮಿಯ ನಟ. 1920ರ ‘ಗೋಲೆಮ್’ ಚಿತ್ರವನ್ನು ಕಾರ್ಲ್ ಬೋಸೆ ಜೊತೆ ನಿರ್ದೇಶಿಸಿ, ಮಣ್ಣಿನ ದೈತ್ಯನ ವೇಷವನ್ನೂ ತಾನೇ ಹಾಕಿದ. ಅದನ್ನು ಇವತ್ತೂ ನೋಡಬಹುದು. ‘ಹರಿ ಮಾಯಾ’ ಎಲ್ಲಿ ನೋಡುತ್ತೀರಿ? ಬಂದಳಿಕೆ ಎಂಬ ಊರಿನಲ್ಲಿ, ಹತ್ತನೆಯ ಶತಮಾನದಲ್ಲಿ ನಾಗರಖಂಡ ಎಪ್ಪತ್ತು ಎಂಬ ಸೀಮೆಯನ್ನು ಆಳಿದ ಜಕ್ಕಿಯಬ್ಬೆಯ ಕಥೆ ಕಲ್ಲಿನ ಶಾಸನದಲ್ಲಿ ಇವತ್ತೂ ಓದಲು ಸಿಗುತ್ತದೆ. ಆದರೆ ಮೊನ್ನೆ ಮೊನ್ನೆಯ ಚಿತ್ರ ಸಿಗುವುದಿಲ್ಲ. ಆ ಕಾಲದ ನೈಟ್ರೇಟ್ ಫಿಲ್ಮು ಕಿಡಿ ತಾಗಿದರೆ ಹೊತ್ತಿ ಉರಿಯುವಂಥದ್ದು, ಸುಮ್ಮನೆ ಇಟ್ಟರೂ ಕೊಳೆಯುವಂಥದ್ದು.

ಮೂಕಿ ರಾಯರಿಗೆ ಏನು ಕಲಿಸಿತು ಎಂಬುದಕ್ಕೆ ಒಂದು ನೆನಪು ಹೇಳುತ್ತೇನೆ. ಶಿರಾಳಕೊಪ್ಪದಲ್ಲಿ ನನಗೆ ಕನ್ನಡ ಕಲಿಸಿದ ಮೇಷ್ಟ್ರಿಗೆ ಕಂಪನಿ ನಾಟಕದ ಹುಚ್ಚು. ಗದಾಯುದ್ಧದ ಪಾಠ ಬಂತೆಂದರೆ ಪಂಚೆ ಎತ್ತಿ ಕಟ್ಟಿ, ಹಾಜರಿ ಪುಸ್ತಕ ಸುರುಳಿ ಸುತ್ತಿ ಗದೆ ಮಾಡಿಕೊಳ್ಳುವರು. ದುರ್ಯೋಧನ ಕೊನೇ ಬೆಂಚಿನ ಹುಡುಗನಿಗೂ ಕಾಣಬೇಕಲ್ಲ! ಮೊದಲ ಬೆಂಚಿನಲ್ಲಿ ಕೂತ ನನಗೆ ಹುಬ್ಬಿನ ಕುಣಿತ, ಗಂಟಲ ನರ, ಹಾರುವ ಉಗುಳು, ಎಲ್ಲವೂ ಅತಿ. ಕ್ಯಾಮೆರಾ ಕೂರುವುದು ಆ ಮೊದಲ ಬೆಂಚಿನಲ್ಲೇ. ‘ಸತಿ ಸುಲೋಚನ’ದ ರಾವಣ ಆರ್. ನಾಗೇಂದ್ರರಾಯರು, ಇಂದ್ರಜಿತು ಸುಬ್ಬಯ್ಯ ನಾಯ್ಡು. ಇಬ್ಬರೂ ರಂಗದ ಮೇಲೆ ಪಳಗಿದ ಕಲಾವಿದರು. ಅಂಥವರಿಗೆ ‘ಸ್ವಲ್ಪ ತಗ್ಗಿಸಿ’ ಎನ್ನಲು ತಾನೂ ಬಣ್ಣ ಹಚ್ಚಿದವನೇ ಬೇಕು. ಆ ಅಳತೆಯನ್ನು ರಾಯರು ಕಲಿತದ್ದು ಮೂಕಿಯಲ್ಲಿ ಎಂಬುದು ನನ್ನ ಹಟ.

ಎದುರುವಾದವೂ ಗಟ್ಟಿಯೇ. ಮಾತೇ ಇಲ್ಲದ ಚಿತ್ರ ಯಾವ ಭಾಷೆಯದು? ನಡುವೆ ಬರುವ ಬರಹವನ್ನು ಬದಲಿಸಿದರೆ ತಮಿಳರಿಗೂ ಆಯಿತು, ತೆಲುಗರಿಗೂ ಆಯಿತು. ಆದರೆ ‘ಸತಿ ಸುಲೋಚನ’ ತಯಾರಾದದ್ದು ಕೊಲ್ಹಾಪುರದಲ್ಲಿ, ದುಡ್ಡು ಹಾಕಿದವರು ಚಮನ್‌ಲಾಲ್ ಡುಂಗಾಜಿ. ಅದು ನಮ್ಮದು ಎನ್ನಲು ಬೆಳ್ಳಾವೆ ನರಹರಿ ಶಾಸ್ತ್ರಿಗಳ ಮಾತು, ಹಾಡು ಸಾಕಾಗಿದ್ದರೆ, ಗುಬ್ಬಿಯವರ ಮೂಕಿ ನಮ್ಮದಾಗಲು ಇನ್ನೇನು ಬೇಕಿತ್ತು? ಅಥವಾ, ಒಂದು ರೀಲನ್ನೂ ಕಾಣದ ಚಿತ್ರದ ನಟನೆಯ ಬಗ್ಗೆ ನಾನು ಇಷ್ಟು ವಾದ ಹೂಡುವುದೇ ತಪ್ಪೋ? ರಾಯರನ್ನು ನಮ್ಮ ಮೊದಲ ಟಾಕಿಯ ನಿರ್ದೇಶಕರೆನ್ನೋಣವೇ, ಟಾಕಿಗೆ ದಾಟಿಕೊಂಡ ಮೂಕಿಯ ನಟನೆನ್ನೋಣವೇ? ನೀವೇ ಹೇಳಿ.