ಬಾಂಬ್ ಬೀಳದ ರಾತ್ರಿಯ ಸಾವುಗಳು

ಯುದ್ಧಕಾಲದಲ್ಲಿ ನೆಲದಡಿಯ ರೈಲು ನಿಲ್ದಾಣಕ್ಕಿಂತ ಸುರಕ್ಷಿತ ಜಾಗ ಬೇರೆ ಯಾವುದಿದ್ದೀತು? ಪೂರ್ವ ಲಂಡನ್ನಿನ ಬೆತ್ನಲ್ ಗ್ರೀನ್ ಜನರ ನಂಬಿಕೆಯೂ ಅದೇ ಆಗಿತ್ತು.

ಎರಡನೇ ಮಹಾಯುದ್ಧ ಶುರುವಾದಾಗ ಅಲ್ಲಿನ ನಿಲ್ದಾಣದ ಕಾಮಗಾರಿ ಮುಗಿದಿರಲಿಲ್ಲ, ಹಳಿಯನ್ನೂ ಹಾಸಿರಲಿಲ್ಲ. 1940ರಲ್ಲಿ ಅದು ಆಶ್ರಯತಾಣವಾಯಿತು. ಸುರಂಗದಲ್ಲಿ ಸಾವಿರಾರು ಜನ ಮಲಗಲು ಮಂಚಗಳು ಬಂದವು, ಗ್ರಂಥಾಲಯವೂ ಬಂತು. ಆದರೆ ಪ್ರವೇಶದ್ವಾರ ಮಾತ್ರ ಒಂದೇ. ಅಲ್ಲಿಂದ 19 ಮೆಟ್ಟಿಲು, ಒಂದು ತಿರುವು, ಮತ್ತೆ 7 ಮೆಟ್ಟಿಲು. ನಡುವೆ ಹಿಡಿದುಕೊಳ್ಳಲು ಕಂಬಿಯಿಲ್ಲ, ಬೆಳಕೂ ಮಂಕು. ದ್ವಾರವನ್ನು ಭದ್ರಪಡಿಸಲು ಸ್ಥಳೀಯ ಆಡಳಿತ 1941ರಲ್ಲೇ ಅನುಮತಿ ಕೇಳಿತ್ತು, ಸಿಗಲಿಲ್ಲ.

1943ರ ಮಾರ್ಚ್ 3ರ ರಾತ್ರಿ ಸೈರನ್ ಮೊಳಗಿತು. ಸಮೀಪದ ವಿಕ್ಟೋರಿಯಾ ಉದ್ಯಾನದಿಂದ ಹಾರಿಸಿದ ವಿಮಾನ ನಿರೋಧಕ ರಾಕೆಟ್‌ಗಳ ಅಪರಿಚಿತ ಸದ್ದಿಗೆ ಬೆದರಿದ ಜನ ಒಳನುಗ್ಗಿದರು. ಕೆಳಗೆ ಮಹಿಳೆಯೊಬ್ಬರು ಎಡವಿದರು. ಅವರ ಮೇಲೆ ಇನ್ನೊಬ್ಬರು, ಮತ್ತೊಬ್ಬರು. ಮೇಲಿದ್ದವರಿಗೆ ಕೆಳಗಿನದು ಕಾಣಲಿಲ್ಲ. ಸತ್ತವರು 173 ಮಂದಿ. ಅವರಲ್ಲಿ 62 ಮಕ್ಕಳು. ಅಲ್ಲಿ ಒಂದು ಬಾಂಬೂ ಬಿದ್ದಿರಲಿಲ್ಲ.

ತನಿಖಾ ವರದಿಯನ್ನು ಸರ್ಕಾರ 1945ರವರೆಗೆ ಗುಟ್ಟಾಗಿಟ್ಟಿತು. 1946ರಲ್ಲಿ ನಿಲ್ದಾಣಕ್ಕೆ ರೈಲು ಬಂತು. ತಲೆಕೆಳಗಾದ ಮೆಟ್ಟಿಲಿನ ಆಕಾರದ ಸ್ಮಾರಕ ಪೂರ್ಣಗೊಂಡದ್ದು 2017ರಲ್ಲಿ. ಕೈಗೆ ಸಿಗುವ ಕಂಬಿ ಮಾತ್ರ ದುರಂತದ ಬೆನ್ನಲ್ಲೇ ಬಂದಿತ್ತು.